ಗ್ರಂಥಕ್ಕೆ ಚಾಮರ ಬೀಸುವುದೇಕೆ? ಸಿಖ್ಖರ ನಂಬಿಕೆ ಮತ್ತು ಆರಾಧನೆಯ ರೀತಿ

ಪ್ರಶ್ನೆ: ಬೀದರಿನ ನಾನಕ್ ಝೀರಾ ಗುರುದ್ವಾರಕ್ಕೆ ಮನೆಮಂದಿಯೆಲ್ಲ ಹೋಗಬೇಕೆಂದಿದ್ದೇವೆ. ಸಿಖ್ಖರು ಮೂರ್ತಿಪೂಜೆ ಒಪ್ಪುವುದಿಲ್ಲ ಎಂದು ಓದಿದ್ದೇವೆ. ಆದರೆ ಗ್ರಂಥಕ್ಕೆ ರೇಷ್ಮೆ ಹೊದಿಸಿ, ಚಾಮರ ಬೀಸಿ, ಹಣೆ ಹಚ್ಚಿ ನಮಸ್ಕರಿಸುತ್ತಾರಲ್ಲ, ಅದು ಪೂಜೆಯೇ ಆಯಿತಲ್ಲವೆ? ಅವರ ಹಾಡುಗಳಲ್ಲಿ ಹರಿ, ರಾಮ ಎಂಬ ಹೆಸರುಗಳು ಕೇಳಿಸುತ್ತವೆ. ಹಾಗಾದರೆ ಅವರ ದೇವರು ಯಾರು? ಒಳಗೆ ನಾವು ಹೇಗೆ ನಡೆದುಕೊಳ್ಳಬೇಕು? ಅಲ್ಲಿ ಕೊಡುವ ಹಲ್ವಾದಂಥ ಪ್ರಸಾದವನ್ನು ಮನೆಯಲ್ಲಿ ಮಾಡಬಹುದೆ?

ಉತ್ತರ: ನಿಮ್ಮ ಮೊದಲ ಪ್ರಶ್ನೆಗೆ ಉತ್ತರ ಸಿಕ್ಕರೆ ಉಳಿದವು ತಾವಾಗಿ ಬಿಡಿಸಿಕೊಳ್ಳುತ್ತವೆ. ಆದ್ದರಿಂದ ಅಲ್ಲಿಂದಲೇ ಹೊರಡೋಣ.

ಸಿಖ್ ಧರ್ಮದಲ್ಲಿ ಗುರು ಎಂದರೆ ಶಬ್ದ. ಗುರು ನಾನಕರಿಂದ (1469–1539) ಗುರು ಗೋಬಿಂದ್ ಸಿಂಗರವರೆಗೆ (1666–1708) ಹತ್ತು ಮಂದಿ ಗುರುಗಳು ಆಗಿಹೋದರು. ಹತ್ತೂ ಮಂದಿಯಲ್ಲಿ ಬೆಳಗಿದ್ದು ಒಂದೇ ಜ್ಯೋತಿ, ಆ ಜ್ಯೋತಿ ದೇಹದ್ದಲ್ಲ, ಅವರ ಬಾಯಿಂದ ಬಂದ ವಾಣಿಯದು ಎಂಬುದು ಸಿಖ್ಖರ ನಂಬಿಕೆ. ಐದನೆಯ ಗುರು ಅರ್ಜನ್ ದೇವರು ಈ ವಾಣಿಯನ್ನು ಒಟ್ಟುಗೂಡಿಸಿ, ಭಾಯಿ ಗುರದಾಸರ ಕೈಯಲ್ಲಿ ಬರೆಸಿ, 1604ರಲ್ಲಿ ಅಮೃತಸರದ ಹರಿಮಂದಿರದಲ್ಲಿ ಇರಿಸಿದರು. ಮುಂದೆ ಒಂಬತ್ತನೆಯ ಗುರು ತೇಗ್ ಬಹಾದೂರರ ವಾಣಿಯೂ ಅದಕ್ಕೆ ಸೇರಿತು. 1708ರಲ್ಲಿ ಗೋದಾವರಿಯ ದಂಡೆಯ ನಾಂದೇಡಿನಲ್ಲಿ ಹತ್ತನೆಯ ಗುರು ದೇಹ ಬಿಡುವ ಮುನ್ನ, ಇನ್ನು ಮುಂದೆ ಗುರುವಿನ ಪೀಠ ಗ್ರಂಥಕ್ಕೆ ಎಂದು ಸಾರಿದರು. ಅಲ್ಲಿಗೆ ಮನುಷ್ಯ ಗುರುಗಳ ಪರಂಪರೆ ಮುಗಿಯಿತು. ಅಂದಿನಿಂದ ಅದು ಗುರು ಗ್ರಂಥ ಸಾಹಿಬ್.

ಇದನ್ನು ಮನಸ್ಸಿನಲ್ಲಿಟ್ಟುಕೊಂಡು ಗುರುದ್ವಾರದ ಒಳಗೆ ನೋಡಿ. ಎತ್ತರದ ಪೀಠ, ಮೇಲೆ ಮೇಲ್ಕಟ್ಟು, ಹಿಂದೆ ನಿಂತು ಚಾಮರ ಬೀಸುವವರು, ಎದುರಿಗೆ ನೆಲದ ಮೇಲೆ ಕೂತ ಜನ. ಇದು ಗರ್ಭಗುಡಿಯ ಏರ್ಪಾಟಲ್ಲ, ರಾಜನ ಆಸ್ಥಾನದ ಏರ್ಪಾಟು. ಆ ಸಭಾಂಗಣವನ್ನು ಅವರು ಕರೆಯುವುದೂ ದರ್ಬಾರ್ ಎಂದೇ. ಗುರುವಿಗೆ ‘ಸಚ್ಚಾ ಪಾತಶಾಹ್’ ಎಂಬ ಹೆಸರಿದೆ, ನಿಜವಾದ ದೊರೆ ಎಂದರ್ಥ. ದೆಹಲಿಯಲ್ಲಿ ಬಾದಶಹ ಆಳುತ್ತಿದ್ದ ಕಾಲದಲ್ಲಿ, ನಮ್ಮ ದೊರೆ ಬೇರೆ ಎಂದು ಹೇಳುವುದಕ್ಕೆ ಎಂಥ ಧೈರ್ಯ ಬೇಕಿತ್ತೆಂದು ಯೋಚಿಸಿ. ಗುರು ಅರ್ಜನ್ ದೇವರು 1606ರಲ್ಲಿ ಲಾಹೋರಿನಲ್ಲಿ, ಗುರು ತೇಗ್ ಬಹಾದೂರರು 1675ರಲ್ಲಿ ದೆಹಲಿಯ ಚಾಂದನಿ ಚೌಕದಲ್ಲಿ ಪ್ರಾಣ ತೆತ್ತರು. ಛತ್ರ–ಚಾಮರಗಳ ಹಿಂದೆ ಈ ಚರಿತ್ರೆಯಿದೆ.

ಹಾಗಿದ್ದರೆ ಅದು ಪೂಜೆಯೇ? ಗೌರವ, ಹೌದು. ನಾವು ತಿಳಿಯುವ ಅರ್ಥದ ಪೂಜೆ, ಅಲ್ಲ. ಗ್ರಂಥಕ್ಕೆ ನೈವೇದ್ಯವಿಲ್ಲ, ಅಭಿಷೇಕವಿಲ್ಲ, ಪ್ರಾಣಪ್ರತಿಷ್ಠೆ ಇಲ್ಲ. ಅದನ್ನು ಬೆಳಗ್ಗೆ ತೆರೆಯುವುದು ಓದುವುದಕ್ಕೆ, ಹಾಡುವುದಕ್ಕೆ, ಅದರ ಮಾತು ಕೇಳುವುದಕ್ಕೆ. ಗುರುದ್ವಾರಗಳ ಆಡಳಿತ ನೋಡಿಕೊಳ್ಳುವ ಶಿರೋಮಣಿ ಗುರುದ್ವಾರಾ ಪ್ರಬಂಧಕ್ ಕಮಿಟಿ 1945ರಲ್ಲಿ ಒಪ್ಪಿದ ನಡಾವಳಿಗೆ ‘ಸಿಖ್ ರಹತ್ ಮರ್ಯಾದಾ’ ಎಂದು ಹೆಸರು. ದೀಪ, ಧೂಪ ಹಿಡಿದು ಆರತಿ ಎತ್ತುವುದು, ತಿನಿಸು ಎಡೆ ಇಡುವುದು, ಜಾಗಟೆ ಬಾರಿಸುವುದು ಗುರುಮತಕ್ಕೆ ಸಲ್ಲದು ಎಂದು ಅದು ಸ್ಪಷ್ಟವಾಗಿ ಹೇಳುತ್ತದೆ. ಕೋಣೆ ಘಮಘಮಿಸಲಿ ಎಂದು ಹೂವು, ಊದುಬತ್ತಿ ಇಟ್ಟರೆ ತಪ್ಪಿಲ್ಲ, ಬೆಳಕಿಗಾಗಿ ದೀಪ ಹಚ್ಚಿದರೆ ತಪ್ಪಿಲ್ಲ. ವ್ಯತ್ಯಾಸ ಇರುವುದು ಉದ್ದೇಶದಲ್ಲಿ. ಗ್ರಂಥವನ್ನು ರೇಷ್ಮೆಯಲ್ಲಿ ಸುತ್ತಿಟ್ಟು, ಓದದೆ ಬರೀ ಕೈಮುಗಿದು ಬರುವ ಸಿಖ್ಖರೂ ಇದ್ದಾರೆ. ಅದು ಗ್ರಂಥವನ್ನೇ ಮೂರ್ತಿ ಮಾಡಿದಂತೆ ಎಂದು ಎಚ್ಚರಿಸುವವರೂ ಅವರೊಳಗೇ ಇದ್ದಾರೆ. ನನ್ನ ದೃಷ್ಟಿಯಲ್ಲಿ ಆ ಎಚ್ಚರಿಕೆ ಸರಿಯಾದದ್ದು. ಕೇಳದವನಿಗೆ ಶಬ್ದ ಗುರುವಾಗುವುದು ಹೇಗೆ?

ಒಂದು ಮಾತು ಇಲ್ಲೇ ಸೇರಿಸಬೇಕು. ನಾಂದೇಡಿನ ಹಜೂರ್ ಸಾಹಿಬ್ ಬೀದರಿನಿಂದ ದೂರವೇನಲ್ಲ, ನೀವು ಅಲ್ಲಿಗೂ ಹೋಗಬಹುದು. ಅಲ್ಲಿ ಸಂಜೆ ದೀಪದ ತಟ್ಟೆ ಹಿಡಿದು ಆರತಿ ಮಾಡುತ್ತಾರೆ, ಹತ್ತನೆಯ ಗುರುಗಳ ಹೆಸರಿನಲ್ಲಿರುವ ದಸಮ ಗ್ರಂಥವನ್ನೂ ತೆರೆದಿಡುತ್ತಾರೆ. ಅದು ಆ ತಖ್ತಿನ, ಅಂದರೆ ಧರ್ಮಪೀಠದ, ಹಳೆಯ ಸ್ಥಳೀಯ ಪದ್ಧತಿ. ಪಂಜಾಬಿನ ಗುರುದ್ವಾರಗಳಲ್ಲಿ ಆರತಿ ಎಂದರೆ ಹಾಡು ಮಾತ್ರ. ಧನಾಶ್ರೀ ರಾಗದಲ್ಲಿರುವ ಆ ಪದವನ್ನು ಗುರು ನಾನಕರು ಪುರಿಯ ಜಗನ್ನಾಥನ ಸನ್ನಿಧಿಯಲ್ಲಿ ರಚಿಸಿದರೆಂಬ ಪ್ರತೀತಿ ಇದೆ. ಆಕಾಶವೇ ತಟ್ಟೆ, ಸೂರ್ಯಚಂದ್ರರೇ ದೀಪ, ನಕ್ಷತ್ರಗಳೇ ಮುತ್ತು, ಬೀಸುವ ಗಾಳಿಯೇ ಚಾಮರ; ಇಷ್ಟು ದೊಡ್ಡ ಆರತಿ ಹಗಲಿರುಳು ನಡೆದಿರುವಾಗ ಮತ್ತೆ ಕೈಯಲ್ಲಿ ಹಣತೆ ಏಕೆ ಎಂಬುದು ಅದರ ಭಾವ.

ಅವರ ದೇವರು ಯಾರು ಎಂಬ ಪ್ರಶ್ನೆಗೆ ಗ್ರಂಥದ ಮೊದಲ ಸಾಲೇ ಉತ್ತರ. ಮೂಲಮಂತ್ರ ಎಂದು ಕರೆಯುವ ಆ ಸಾಲು ‘ಇಕ್ ಓಂಕಾರ್’ ಎಂದು ಶುರುವಾಗುತ್ತದೆ. ಅದನ್ನು ಬರೆಯುವಾಗ ಮೊದಲು ಒಂದು ಎಂಬ ಅಂಕಿ, ಆಮೇಲೆ ಓಂಕಾರ. ಒಂದು ಎಂಬುದನ್ನು ಅಕ್ಷರದಲ್ಲಿ ಬರೆಯದೆ ಅಂಕಿಯಲ್ಲೇ ಬರೆದದ್ದು ಬೇರೆ ಅರ್ಥಕ್ಕೆ ಎಡೆಯೇ ಇರಬಾರದು ಎಂದು ಎಂಬುದು ಸಂಪ್ರದಾಯದ ವಿವರಣೆ. ಆ ಒಂದಕ್ಕೆ ಸತ್ಯವೇ ಹೆಸರು. ಅವನೇ ಕರ್ತಾರ. ಅವನಿಗೆ ಭಯವಿಲ್ಲ, ಯಾರ ಮೇಲೂ ವೈರವಿಲ್ಲ. ಕಾಲಕ್ಕೆ ಸಿಕ್ಕದ ರೂಪ, ಯೋನಿಯಲ್ಲಿ ಹುಟ್ಟಿ ಬಾರದವನು, ತಾನೇ ತಾನಾದವನು, ಗುರುವಿನ ಕೃಪೆಯಿಂದ ತಿಳಿಯುವವನು. ‘ಅಜೂನೀ’ ಎಂಬ ಮಾತನ್ನು ಗಮನಿಸಿ. ಹುಟ್ಟಿ ಬಾರದವನು ಎಂದ ಮೇಲೆ ಅವತಾರಕ್ಕೆ ಜಾಗವಿಲ್ಲ. ಹಾಗಾಗಿ ಅವರ ಪದಗಳಲ್ಲಿ ಬರುವ ರಾಮ ದಶರಥನ ಮಗನಲ್ಲ, ಎಲ್ಲದರಲ್ಲೂ ರಮಿಸಿರುವ ನಿರಾಕಾರ. ಹರಿ, ಗೋಬಿಂದ, ಅಲ್ಲಾ, ರಹೀಮ್ ಎಲ್ಲವೂ ಆ ಒಬ್ಬನ ಹೆಸರುಗಳೇ. ಸಿಖ್ಖರ ಬಾಯಲ್ಲಿ ಹೆಚ್ಚು ಬಳಕೆಯಲ್ಲಿರುವ ಹೆಸರು ‘ವಾಹೆಗುರು’. ಗುರುಗಳೂ ದೇವರಲ್ಲ. ನನ್ನನ್ನು ಪರಮೇಶ್ವರ ಎಂದು ಕರೆದವರು ನರಕಕ್ಕೆ ಬೀಳುತ್ತಾರೆ ಎಂಬ ಮಾತು ಹತ್ತನೆಯ ಗುರುಗಳ ಹೆಸರಿನಲ್ಲಿರುವ ‘ಬಚಿತ್ತರ್ ನಾಟಕ’ದಲ್ಲೇ ಇದೆ.

ಕರ್ಮ, ಪುನರ್ಜನ್ಮಗಳನ್ನು ಸಿಖ್ ಧರ್ಮ ಒಪ್ಪುತ್ತದೆ. ಆದರೆ ಬಿಡುಗಡೆ ಕರ್ಮದ ಲೆಕ್ಕದಿಂದ ಬರುವುದಿಲ್ಲ. ಕರ್ಮದಿಂದ ದೇಹವೆಂಬ ಬಟ್ಟೆ ಸಿಗುತ್ತದೆ, ಮೋಕ್ಷದ ಬಾಗಿಲು ತೆರೆಯುವುದು ಅವನ ಕೃಪಾದೃಷ್ಟಿಯಿಂದ ಎಂದು ಗುರು ನಾನಕರ ‘ಜಪುಜಿ’ ಹೇಳುತ್ತದೆ. ಕೃಪೆಗೆ ಅಡ್ಡ ನಿಲ್ಲುವ ಗೋಡೆ ‘ಹೌಮೈ’, ಅಂದರೆ ನಾನು ನಾನೆಂಬುದು. ಉಪವಾಸ, ಮೌನ, ತೀರ್ಥಸ್ನಾನ, ಜಾಣತನ ಯಾವುದರಿಂದಲೂ ಆ ಗೋಡೆ ಬೀಳದು, ಅವನ ‘ಹುಕುಂ’ ಎಂದರೆ ಇಚ್ಛೆಗೆ ತಕ್ಕಂತೆ ನಡೆದಾಗ ಬೀಳುತ್ತದೆ. ನಡೆಯುವುದು ಹೇಗೆ ಎಂಬುದಕ್ಕೆ ಮೂರು ಸೂತ್ರಗಳಿವೆ. ನಾಮ್ ಜಪ್ನಾ, ನಾಮಸ್ಮರಣೆ. ಕಿರತ್ ಕರ್ನಾ, ಬೆವರು ಸುರಿಸಿ ಪ್ರಾಮಾಣಿಕವಾಗಿ ದುಡಿಯುವುದು. ವಂಡ್ ಛಕ್ನಾ, ದುಡಿದದ್ದನ್ನು ಹಂಚಿ ಉಣ್ಣುವುದು. ಆದಾಯದ ಹತ್ತನೆಯ ಒಂದು ಪಾಲನ್ನು ಸಮುದಾಯಕ್ಕೆಂದು ತೆಗೆದಿಡುವುದಕ್ಕೆ ‘ದಸವಂಧ್’ ಎನ್ನುತ್ತಾರೆ. ಸಂಸಾರ ಬಿಟ್ಟು ಕಾಡಿಗೆ ಹೋಗುವುದು ಈ ದಾರಿಯಲ್ಲ.

ಕನ್ನಡ ಓದುಗರಿಗೆ ಇಲ್ಲಿ ಕಾಯಕ–ದಾಸೋಹ ನೆನಪಾಗುವುದು ಸಹಜ. ಹೋಲಿಕೆ ಆಳವಾದದ್ದೇ, ಒಂದನ್ನು ಬಲ್ಲವರಿಗೆ ಇನ್ನೊಂದು ಬೇಗ ತಿಳಿಯುತ್ತದೆ. ಆದರೆ ಹನ್ನೆರಡನೆಯ ಶತಮಾನದ ಕಲ್ಯಾಣದಿಂದ ಹದಿನೈದನೆಯ ಶತಮಾನದ ಪಂಜಾಬಿಗೆ ನೇರ ದಾರಿ ಎಳೆಯುವುದು ಬೇಡ. ಗ್ರಂಥದಲ್ಲಿ ವಚನಕಾರರ ಮಾತು ಇಲ್ಲ. ಪಂಢರಪುರದ ವಿಠ್ಠಲನ ಭಕ್ತ ನಾಮದೇವರ 61 ಪದಗಳಿವೆ. ಕಬೀರ, ರವಿದಾಸ, ಶೇಖ್ ಫರೀದ್, ಧನ್ನಾ, ಸೇನ, ಜಯದೇವ ಹೀಗೆ ಒಟ್ಟು 15 ಮಂದಿ ಭಗತರ ವಾಣಿ ಗುರುಗಳ ವಾಣಿಯ ಜೊತೆಯಲ್ಲೇ ಕೂತಿದೆ. ನೇಕಾರ, ಚಮ್ಮಾರ, ದರ್ಜಿ, ಕ್ಷೌರಿಕ, ಸೂಫಿ, ಬ್ರಾಹ್ಮಣ ಎಲ್ಲರೂ ಅಲ್ಲಿದ್ದಾರೆ. ಗ್ರಂಥಕ್ಕೆ ಹಣೆ ಹಚ್ಚುವ ಸಿಖ್ಖ ರವಿದಾಸರ ಮಾತಿಗೂ ಹಣೆ ಹಚ್ಚುತ್ತಾನೆ. ಜಾತಿಯ ವಿರುದ್ಧ ಇದಕ್ಕಿಂತ ಗಟ್ಟಿಯಾದ ವ್ಯವಸ್ಥೆ ಕಲ್ಪಿಸಿಕೊಳ್ಳುವುದು ಕಷ್ಟ. ಇಷ್ಟಾದರೂ ಪಂಜಾಬಿನ ಹಳ್ಳಿಗಳಲ್ಲಿ ಜಾತಿಗೊಂದು ಗುರುದ್ವಾರ, ಜಾತಿ ನೋಡಿ ಮದುವೆ ನಡೆಯುತ್ತಲೇ ಇವೆ. ಅದು ವಾಣಿಯ ಸೋಲಲ್ಲ, ಕೇಳಿಸಿಕೊಳ್ಳದವರ ಸೋಲು.

ಗ್ರಂಥದ ಒಳಗನ್ನು ಸ್ವಲ್ಪ ನೋಡಿ. ಇಂದು ಅಚ್ಚಾಗುವ ಪ್ರತಿಯೊಂದು ಪ್ರತಿಯಲ್ಲೂ ಸರಿಯಾಗಿ 1430 ಪುಟ. ಯಾವ ಪದ ಯಾವ ಪುಟದಲ್ಲಿ ಎಂಬುದು ಎಲ್ಲ ಪ್ರತಿಗಳಲ್ಲೂ ಒಂದೇ, ಆದ್ದರಿಂದ ಪುಟದ ಸಂಖ್ಯೆ ಹೇಳಿದರೆ ಸಾಕು. ಪುಟಕ್ಕೆ ಅವರು ‘ಅಂಗ್’ ಎನ್ನುತ್ತಾರೆ, ಗುರುವಿನ ಅಂಗ. ಲಿಪಿ ಗುರುಮುಖಿ, ಭಾಷೆಯಲ್ಲಿ ಪಂಜಾಬಿ, ಹಳೆಯ ಹಿಂದಿ, ಮರಾಠಿ, ಪಾರಸಿ ಎಲ್ಲವೂ ಬೆರೆತಿವೆ. ನಿತ್ಯಪಾಠದ ಮೊದಲ 13 ಪುಟ ಬಿಟ್ಟರೆ ಹೆಚ್ಚು ಕಡಿಮೆ ಇಡೀ ಗ್ರಂಥವನ್ನು ರಾಗದ ಪ್ರಕಾರ ಜೋಡಿಸಿದ್ದಾರೆ, ವಿಷಯದ ಪ್ರಕಾರ ಅಲ್ಲ. ಸಿರಿರಾಗದಿಂದ ಜೈಜಾವಂತಿಯವರೆಗೆ 31 ರಾಗಗಳು. ಅವುಗಳಲ್ಲಿ ಒಂದು ‘ಕಾನಡಾ’. ಹಿಂದೂಸ್ತಾನಿ ಸಂಗೀತದವರು ಆ ಹೆಸರನ್ನು ‘ಕರ್ನಾಟ’ದಿಂದ ಬಂದದ್ದೆಂದೇ ಹೇಳುತ್ತಾರೆ. ಅಂದರೆ ಇದು ಮೂಲತಃ ಹಾಡುವ ಗ್ರಂಥ. ಹಾಗಾಗಿ ಗುರುದ್ವಾರದಲ್ಲಿ ದಿನದ ಬಹುಪಾಲು ಕೀರ್ತನೆ ಇರುತ್ತದೆ. ಹಾರ್ಮೋನಿಯಂ, ತಬಲಾ ಹಿಡಿದು ಹಾಡುವವರಿಗೆ ‘ರಾಗಿ’ ಎನ್ನುತ್ತಾರೆ. ನಮ್ಮ ಹೊಲದ ರಾಗಿಗೂ ಅದಕ್ಕೂ ಸಂಬಂಧವಿಲ್ಲ, ರಾಗ ಬಲ್ಲವರು ಎಂದರ್ಥ.

ಈಗ ದಿನಚರಿ. ನಸುಕಿನಲ್ಲಿ ಸ್ನಾನವಾದ ಮೇಲೆ ಗ್ರಂಥವನ್ನು ಅದರ ರಾತ್ರಿಯ ಕೋಣೆಯಿಂದ ತಲೆಯ ಮೇಲೆ ಹೊತ್ತು ತಂದು, ಪೀಠದ ದಿಂಬುಗಳ ಮೇಲಿಟ್ಟು, ‘ರುಮಾಲಾ’ ಎಂಬ ವಸ್ತ್ರ ಬಿಚ್ಚಿ ತೆರೆಯುತ್ತಾರೆ. ಇದಕ್ಕೆ ಪ್ರಕಾಶ್ ಎಂದು ಹೆಸರು. ರಾತ್ರಿ ‘ಸೋಹಿಲಾ’ ಪಾಠ ಮುಗಿಸಿ, ಮಡಿಸಿ, ಮತ್ತೆ ತಲೆಯ ಮೇಲೆ ಹೊತ್ತು ಒಯ್ಯುವುದು ಸುಖಾಸನ್. ನಡುವೆ ಕೀರ್ತನೆ, ವಾಣಿಯ ವಿವರಣೆಯಾದ ಕಥಾ, ‘ಆನಂದ ಸಾಹಿಬ್’ನ ಆರು ಚರಣಗಳು (ಮೊದಲ ಐದು ಮತ್ತು ಕೊನೆಯದು), ಅರ್ದಾಸ್, ಹುಕುಂ, ಪ್ರಸಾದ. ಯಾವ ಊರಿಗೆ ಹೋದರೂ ಸಭೆ ಮುಗಿಯುವ ಕ್ರಮ ಇದೇ.

ಅರ್ದಾಸ್ ಎಂದರೆ ಎಲ್ಲರೂ ಎದ್ದು ಕೈಜೋಡಿಸಿ ನಿಂತು ಮಾಡುವ ಪ್ರಾರ್ಥನೆ. ಹತ್ತು ಗುರುಗಳ ಹೆಸರು, ಪಂಜ್ ಪ್ಯಾರೇ (ಮೊದಲು ಅಮೃತ ದೀಕ್ಷೆ ಪಡೆದ ಐವರು), ಗುರು ಗೋಬಿಂದ್ ಸಿಂಗರ ನಾಲ್ವರು ಮಕ್ಕಳು, ಧರ್ಮಕ್ಕಾಗಿ ಪ್ರಾಣ ಕೊಟ್ಟವರು ಎಲ್ಲರನ್ನೂ ನೆನೆದು, ಆಮೇಲೆ ಅಂದಿನ ಬೇಡಿಕೆ ಹೇಳಿ, ಕೊನೆಗೆ ‘ಸರ್ಬತ್ ದಾ ಭಲಾ’ ಎಂದು ಮುಗಿಸುತ್ತಾರೆ. ಎಲ್ಲರಿಗೂ ಒಳಿತಾಗಲಿ ಎಂದು. ಸಭೆ ಎದ್ದಾಗ ನೀವೂ ಎದ್ದು ನಿಲ್ಲಿ. ಅರ್ದಾಸ್ ನಡೆಯುವಾಗ ಅತ್ತಿತ್ತ ಓಡಾಡುವುದು ಸಭೆಗೆ ಕಿರಿಕಿರಿ, ಹೊಸಬರು ಹೆಚ್ಚಾಗಿ ತಪ್ಪುವುದೂ ಇಲ್ಲೇ.

ಹುಕುಂ ತೆಗೆಯುವುದನ್ನು ಹತ್ತಿರದಿಂದ ನೋಡಲು ಸಿಕ್ಕರೆ ಬಿಡಬೇಡಿ. ಗ್ರಂಥಿ, ಅಂದರೆ ಗ್ರಂಥ ಓದುವವರು, ಗ್ರಂಥವನ್ನು ಮುಚ್ಚಿ, ಯಾವ ಪುಟವೆಂದು ಆರಿಸದೆ ತೆರೆಯುತ್ತಾರೆ. ಎಡಗಡೆಯ ಪುಟದ ಮೇಲ್ಭಾಗದಲ್ಲಿ ಮೊದಲು ಸಿಕ್ಕ ಪದವೇ ಅಂದಿನ ಆಜ್ಞೆ. ಆ ಪದ ಹಿಂದಿನ ಪುಟದಲ್ಲಿ ಆರಂಭವಾಗಿದ್ದರೆ ಹಾಳೆ ಹಿಂದಕ್ಕೆ ತಿರುಗಿಸಿ ಮೊದಲ ಸಾಲಿನಿಂದಲೇ ಓದಬೇಕು. ಅರ್ಧದಿಂದ ಓದುವಂತಿಲ್ಲ, ಇಷ್ಟವಾಗಲಿಲ್ಲವೆಂದು ಇನ್ನೊಮ್ಮೆ ತೆರೆಯುವಂತೆಯೂ ಇಲ್ಲ. ಮಗುವಿಗೆ ಹೆಸರಿಡುವಾಗಲೂ ಇದೇ ಕ್ರಮ: ಹುಕುಮಿನ ಮೊದಲ ಅಕ್ಷರದಿಂದ ಹೆಸರು, ಅದರ ಮುಂದೆ ಗಂಡಿಗೆ ಸಿಂಗ್, ಹೆಣ್ಣಿಗೆ ಕೌರ್. ಇದು ಶಕುನ ಕೇಳಿದಂತಲ್ಲವೆ ಎಂದು ಅನ್ನಿಸಬಹುದು. ಲಾಭವಾಗುತ್ತದೆಯೇ, ಮದುವೆಯಾಗುತ್ತದೆಯೇ ಎಂಬ ಉತ್ತರ ಹುಕುಮಿನಲ್ಲಿ ಹುಡುಕುವುದಿಲ್ಲ. ಇಂದು ನಾನು ಹೇಗೆ ನಡೆಯಬೇಕು ಎಂಬುದನ್ನು ಹುಡುಕುತ್ತಾರೆ.

ಇಡೀ ಗ್ರಂಥವನ್ನು ಎಡೆಬಿಡದೆ ಓದುವುದಕ್ಕೆ ಅಖಂಡ ಪಾಠ ಎನ್ನುತ್ತಾರೆ, ಸುಮಾರು 48 ಗಂಟೆ ಬೇಕು. ಅಂದರೆ ಗಂಟೆಗೆ 30 ಪುಟದಷ್ಟು. ಪಾಠಿಗಳು ಸರದಿಯ ಮೇಲೆ ಕೂರುತ್ತಾರೆ. ಇಲ್ಲಿ ಆಗುವ ದೊಡ್ಡ ತಪ್ಪು ಅವಸರ. ಗಡಿಯಾರ ನೋಡಿ ಓಡಿದರೆ ಅಕ್ಷರ ನುಂಗಿಹೋಗುತ್ತದೆ, ಕೇಳುವವರಿಗೆ ಏನೂ ದಕ್ಕುವುದಿಲ್ಲ. ಸ್ಪಷ್ಟವಾಗಿ, ಶುದ್ಧವಾಗಿ ಓದಬೇಕೆಂದು ಮರ್ಯಾದಾ ಹೇಳುತ್ತದೆ. ಪಾಠದ ಹೊತ್ತಿನಲ್ಲಿ ಪಕ್ಕದಲ್ಲಿ ಕುಂಭ, ತೆಂಗಿನಕಾಯಿ, ತುಪ್ಪದ ದೀಪ ಇಡುವುದೂ ಕೂಡದು ಎನ್ನುತ್ತದೆ. ಕಲಶ ಇಟ್ಟು ರೂಢಿಯಿರುವ ನಮಗೆ ಇದು ವಿಚಿತ್ರವೆನಿಸಬಹುದು, ಕಾರಣ ಮೇಲೆ ಹೇಳಿದ್ದೇ. ಮನೆಯಲ್ಲಿ ನಿಧಾನವಾಗಿ ಓದುವುದು ಸಹಜ ಪಾಠ. ದಿನಕ್ಕೆ ನಾಲ್ಕು ಪುಟ ಓದಿದರೆ 358 ದಿನಕ್ಕೆ ಮುಗಿಯುತ್ತದೆ, ಒಂದು ವರ್ಷಕ್ಕೆ ಒಂದು ವಾರ ಕಡಿಮೆ. ಹಣ ಕೊಟ್ಟು ಬೇರೆಯವರಿಂದ ಓದಿಸುವ ಅಖಂಡ ಪಾಠಕ್ಕಿಂತ ಇದರ ಫಲವೇ ದೊಡ್ಡದು.

ಇನ್ನು ಪ್ರಸಾದ. ಹೆಸರು ‘ಕಡಾಹ್ ಪ್ರಸಾದ್’. ಕಡಾಹ್ ಎಂದರೆ ದೊಡ್ಡ ಕಬ್ಬಿಣದ ಬಾಣಲೆ. ಲೆಕ್ಕ ತೀರ ಸರಳ: ಗೋಧಿಹಿಟ್ಟು, ಸಕ್ಕರೆ, ತುಪ್ಪ ಮೂರೂ ಸಮ. ಸಮ ಎಂದರೆ ತೂಕದಲ್ಲಿ ಸಮ ಮಾಡಿ, ಬಟ್ಟಲಲ್ಲಿ ಅಳೆದರೆ ಹದ ಕೆಡುತ್ತದೆ. ಒಂದು ಬಟ್ಟಲು ಹಿಟ್ಟಿಗಿಂತ ಒಂದು ಬಟ್ಟಲು ಸಕ್ಕರೆ ಸಾಕಷ್ಟು ಭಾರ. 250 ಗ್ರಾಂ ಹಿಟ್ಟು, 250 ಗ್ರಾಂ ಸಕ್ಕರೆ, 250 ಗ್ರಾಂ ತುಪ್ಪ ತೆಗೆದುಕೊಂಡರೆ ನೀರು ಸುಮಾರು ಮುಕ್ಕಾಲು ಲೀಟರ್. ಹಿಟ್ಟು ತುಸು ತರಿಯಾಗಿದ್ದರೆ ಒಳ್ಳೆಯದು. ಒಂದು ಒಲೆಯಲ್ಲಿ ನೀರಿಗೆ ಸಕ್ಕರೆ ಹಾಕಿ ಕುದಿಸಿ; ಕರಗಿದರೆ ಸಾಕು, ಎಳೆಪಾಕ ಬೇಡ. ಇನ್ನೊಂದರಲ್ಲಿ ತುಪ್ಪ ಕಾಯಿಸಿ, ಹಿಟ್ಟು ಸುರಿದು, ಸಣ್ಣ ಉರಿಯಲ್ಲಿ ಕೈ ಬಿಡದೆ ತಿರುವುತ್ತ ಹುರಿಯಿರಿ. ಮೊದಲು ಗಟ್ಟಿ ಮುದ್ದೆಯಂತಿರುವುದು ಮೆಲ್ಲಗೆ ಸಡಿಲವಾಗಿ, ಬಾದಾಮಿ ಸಿಪ್ಪೆಯ ಬಣ್ಣಕ್ಕೆ ತಿರುಗಿ, ಅಂಚಿನಲ್ಲಿ ತುಪ್ಪ ಬಿಡತೊಡಗುತ್ತದೆ. ಹಸಿವಾಸನೆ ಹೋಗಿ ಹುರಿದ ಘಮ ಬಂದಾಗ ಕುದಿಯುವ ಸಕ್ಕರೆ ನೀರನ್ನು ಸ್ವಲ್ಪ ಸ್ವಲ್ಪವಾಗಿ ಸುರಿಯಿರಿ. ಭರ್ರೆಂದು ಉಕ್ಕಿ ಸಿಡಿಯುತ್ತದೆ, ಉದ್ದ ಹಿಡಿಯ ಸೌಟು ಇರಲಿ, ಮಕ್ಕಳನ್ನು ದೂರವಿಡಿ. ನೀರು ಹೀರಿ, ಬಾಣಲೆಯ ಬದಿ ಬಿಟ್ಟು ಒಟ್ಟಾದಾಗ ಇಳಿಸಿ.

ಕೆಡುವುದು ಎಲ್ಲಿ ಎಂದರೆ: ಹುರಿದದ್ದು ಸಾಲದಿದ್ದರೆ ಅಂಟಂಟಾಗಿ ಬಾಯಿಗೆ ಮೆತ್ತಿಕೊಳ್ಳುತ್ತದೆ, ತಣ್ಣೀರು ಸುರಿದರೆ ಗಂಟು, ಉರಿ ಜೋರಾದರೆ ಹೊರಗೆ ಕರಕಲು, ಒಳಗೆ ಹಸಿ. ತುಪ್ಪ ಉಳಿಸಲು ಹೋದರೆ ಅಂಗೈಗೆ ಅಂಟುತ್ತದೆ. ಏಲಕ್ಕಿ, ಗೋಡಂಬಿ, ದ್ರಾಕ್ಷಿ ಹಾಕುವುದಿಲ್ಲ. ಕೇಸರಿಬಾತಿನ ಅಭ್ಯಾಸದ ಕೈ ಅದಕ್ಕೇ ಹೋಗುತ್ತದೆ, ತಡೆದುಕೊಳ್ಳಿ. ಗುರುದ್ವಾರದಲ್ಲಿ ಇದನ್ನು ಮಾಡುವವರು ಸ್ನಾನ ಮಾಡಿ, ತಲೆ ಮುಚ್ಚಿ, ವಾಣಿ ಹೇಳಿಕೊಳ್ಳುತ್ತ ತಿರುವುತ್ತಾರೆ, ರುಚಿ ನೋಡುವುದಿಲ್ಲ.

ಇಷ್ಟು ಮಾಡಿದರೂ ನಿಮ್ಮ ಮನೆಯ ಬಾಣಲೆಯಲ್ಲಿರುವುದು ಒಳ್ಳೆಯ ಹಲ್ವಾ ಮಾತ್ರ. ಅದು ಪ್ರಸಾದವಾಗುವುದು ಗುರು ಗ್ರಂಥ ಸಾಹಿಬರ ಸನ್ನಿಧಿಗೆ ತಂದು, ಅರ್ದಾಸ್ ಮಾಡಿ, ಕಿರ್ಪಾಣ ಎಂಬ ಕತ್ತಿ ಮುಟ್ಟಿಸಿದ ಮೇಲೆ. ಮೊದಲು ಪಂಜ್ ಪ್ಯಾರೇಗಳ ಹೆಸರಿನಲ್ಲಿ ಐದು ಪಾಲು ತೆಗೆಯುತ್ತಾರೆ, ಆಮೇಲೆ ಗ್ರಂಥದ ಸೇವೆಯಲ್ಲಿ ಕೂತವರಿಗೆ, ಆಮೇಲೆ ಸಭೆಗೆಲ್ಲ. ಹಂಚುವವರು ಯಾರ ಮುಖವನ್ನೂ ನೋಡದೆ ಸಮನಾಗಿ ಕೊಡಬೇಕು. ಕೂತಲ್ಲೇ ಎರಡೂ ಕೈ ಬೊಗಸೆ ಮಾಡಿ ತೆಗೆದುಕೊಳ್ಳಿ. ಒಂದೇ ಕೈ ಚಾಚುವುದು ಮರ್ಯಾದೆಯಲ್ಲ. ತುಪ್ಪ ಒಸರುವುದರಿಂದ ಕರವಸ್ತ್ರ ಜೊತೆಗಿದ್ದರೆ ಅನುಕೂಲ.

ಲಂಗರಿನ ಊಟವೂ ಇದೇ ತತ್ವದ್ದು. ಎಲ್ಲರೂ ನೆಲದ ಮೇಲೆ ಒಂದೇ ಸಾಲಿನಲ್ಲಿ ಕೂರಬೇಕು, ಆ ಸಾಲಿಗೆ ‘ಪಂಗತ್’ ಎನ್ನುತ್ತಾರೆ, ನಮ್ಮ ಪಂಕ್ತಿಯೇ. ಆದರೆ ನಮ್ಮಲ್ಲಿ ಪಂಕ್ತಿ ಎಂದರೆ ಯಾರನ್ನು ಹೊರಗಿಡಬೇಕು ಎಂಬ ಲೆಕ್ಕವೂ ಇತ್ತು, ಅಲ್ಲಿ ಯಾರನ್ನೂ ಹೊರಗಿಡಬಾರದು ಎಂದೇ ಪಂಕ್ತಿ ಹುಟ್ಟಿತು. ಮೂರನೆಯ ಗುರು ಅಮರದಾಸರು ಮೊದಲು ಪಂಗತ್, ಆಮೇಲೆ ಭೇಟಿ ಎಂಬ ನಿಯಮ ಮಾಡಿದರು. ಅಕ್ಬರನೂ ಸಾಲಿನಲ್ಲಿ ಕೂತು ಉಂಡನೆಂದು ಸಿಖ್ ಪರಂಪರೆ ಹೇಳುತ್ತದೆ. ಲಂಗರಿನಲ್ಲಿ ಸಸ್ಯಾಹಾರವೇ ಇರುತ್ತದೆ, ಯಾರೂ ಸಂಕೋಚಪಡದೆ ಉಣ್ಣಲಿ ಎಂದು. ರೊಟ್ಟಿ ಬಂದಾಗ ಎರಡು ಕೈ ಒಡ್ಡಿ. ಬೇಕಾದಷ್ಟು ಸಲ ಕೇಳಬಹುದು, ತಟ್ಟೆಯಲ್ಲಿ ಬಿಡಬಾರದು. ದುಡ್ಡು ಯಾರೂ ಕೇಳುವುದಿಲ್ಲ. ಕೊಡಬೇಕೆನಿಸಿದರೆ ಪಾತ್ರೆ ತೊಳೆಯುವಲ್ಲಿ, ಈರುಳ್ಳಿ ಹೆಚ್ಚುವಲ್ಲಿ ಒಂದು ಗಂಟೆ ಕೂರಿ, ಅದನ್ನೇ ಅವರು ಸೇವೆ ಎನ್ನುವುದು.

ಒಳಗೆ ಹೋಗುವ ರೀತಿ: ಚಪ್ಪಲಿ ಬಿಟ್ಟು, ಕೈಕಾಲು ತೊಳೆದು, ಗಂಡಸರು ಹೆಂಗಸರು ಮಕ್ಕಳು ಎಲ್ಲರೂ ತಲೆ ಮುಚ್ಚಬೇಕು. ಸೆರಗು, ದುಪಟ್ಟಾ, ಟವೆಲು ಯಾವುದಾದರೂ ಆದೀತು, ಬಾಗಿಲಲ್ಲೂ ಬಟ್ಟೆ ಇಟ್ಟಿರುತ್ತಾರೆ. ಬೀಡಿ, ಸಿಗರೇಟು, ತಂಬಾಕು, ಗುಟ್ಕಾ ಜೇಬಿನಲ್ಲೂ ಇರಬಾರದು. ಇದು ಅವರಿಗೆ ತೀರ ಗಂಭೀರ ವಿಷಯ. ಗ್ರಂಥದ ಎದುರು ಮೊಣಕಾಲೂರಿ ಹಣೆ ನೆಲಕ್ಕೆ ಹಚ್ಚುವುದು ‘ಮಥಾ ಟೇಕ್ನಾ’. ಮನಸ್ಸಿಲ್ಲದಿದ್ದರೆ ಕೈಮುಗಿದರೂ ಯಾರೂ ಆಕ್ಷೇಪಿಸುವುದಿಲ್ಲ. ಗ್ರಂಥದ ಕಡೆಗೆ ಕಾಲು ಚಾಚಿ ಕೂರಬೇಡಿ. ನಾನಕ್ ಝೀರಾದಲ್ಲಿ ಅಮೃತಕುಂಡವಿದೆ. ನೀರಿಗಾಗಿ ಊರು ಕಷ್ಟಪಡುತ್ತಿದ್ದಾಗ ಗುರು ನಾನಕರು ಬಂದು ಕಲ್ಲು ಸರಿಸಿದರು, ಸಿಹಿನೀರಿನ ಒರತೆ ಚಿಮ್ಮಿತು ಎಂಬುದು ಸ್ಥಳದ ನಂಬಿಕೆ. ಝೀರಾ ಎಂದರೆ ಒರತೆ. ಆ ನೀರನ್ನು ಭಕ್ತಿಯಿಂದ ಕುಡಿಯಿರಿ. ಆದರೆ ತೀರ್ಥದಲ್ಲಿ ಮಿಂದ ಮಾತ್ರಕ್ಕೆ ಮನಸ್ಸಿನ ಕೊಳೆ ಹೋಗದು ಎಂದು ಹೇಳಿದವರೂ ಅದೇ ಗುರು ನಾನಕರು.

ಪೇಟದ ಬಗ್ಗೆ ನೀವು ಕೇಳದಿದ್ದರೂ ಹೇಳಬೇಕು, ಏಕೆಂದರೆ ತಪ್ಪು ತಿಳಿವಳಿಕೆ ಹೆಚ್ಚಿರುವುದು ಅಲ್ಲೇ, ಮತ್ತು ಬೀದರಿನ ನಂಟು ಇರುವುದೂ ಅಲ್ಲೇ. 1699ರ ಬೈಸಾಖಿಯಂದು ಆನಂದಪುರದಲ್ಲಿ ಗುರು ಗೋಬಿಂದ್ ಸಿಂಗರು ಕತ್ತಿ ಹಿರಿದು, ತಲೆ ಕೊಡುವವರು ಯಾರು ಎಂದು ಕೇಳಿದರು. ಒಬ್ಬೊಬ್ಬರಾಗಿ ಐವರು ಎದ್ದುಬಂದರು: ಲಾಹೋರಿನ ದಯಾರಾಮ್, ಹಸ್ತಿನಾಪುರದ ಧರಮ್ ದಾಸ್, ಪುರಿಯ ಹಿಮ್ಮತ್, ದ್ವಾರಕೆಯ ಮೋಹ್ಕಮ್, ಬೀದರಿನ ಸಾಹಿಬ್ ಚಂದ್. ಕ್ಷೌರಿಕ ವೃತ್ತಿಯ ಮನೆತನದ ಈ ಬೀದರಿನವರೇ ಮುಂದೆ ಭಾಯಿ ಸಾಹಿಬ್ ಸಿಂಗ್ ಆಗಿ ಚಮಕೌರ್ ಕಾಳಗದಲ್ಲಿ ಮಡಿದರು. ಪ್ರತಿ ಅರ್ದಾಸಿನಲ್ಲಿ ಪಂಜ್ ಪ್ಯಾರೇ ಎಂದಾಗ, ಪ್ರಸಾದದ ಐದು ಪಾಲು ತೆಗೆದಾಗ ಅದರಲ್ಲಿ ಒಂದು ಪಾಲು ನಮ್ಮ ಬೀದರಿನವರದು. ಮುಕ್ತಸರದ ಕದನದಲ್ಲಿ ಹೋರಾಡಿದ ಮಾಯಿ ಭಾಗೋ ಕೊನೆಯ ದಿನಗಳನ್ನು ಕಳೆದದ್ದು ಬೀದರ್ ಸಮೀಪದ ಜನವಾಡದಲ್ಲಿ. ಅಲ್ಲಿಯ ಗುರುದ್ವಾರವನ್ನೂ ನೋಡಿ ಬನ್ನಿ.

ಅಂದು ಕಬ್ಬಿಣದ ಬಟ್ಟಲಿನಲ್ಲಿ ನೀರು, ಬತ್ತಾಸು ಹಾಕಿ, ವಾಣಿ ಓದುತ್ತ ಖಂಡಾ ಎಂಬ ಇಬ್ಬಾಯಿ ಕತ್ತಿಯಿಂದ ಕದಡಿ ಐವರಿಗೂ ಕುಡಿಸಿದರು, ಆಮೇಲೆ ಗುರುವೇ ಆ ಐವರಿಂದ ಅದನ್ನು ಬೇಡಿ ಕುಡಿದರು. ಈಗಲೂ ಅಮೃತ ದೀಕ್ಷೆ ಕೊಡುವವರು ಐದು ಮಂದಿ ಸಿಖ್ಖರೇ, ಒಬ್ಬ ಪುರೋಹಿತನಲ್ಲ. ಐದು ಬೊಗಸೆ ಕುಡಿಸಿ, ಐದು ಸಲ ಕಣ್ಣಿಗೆ, ಐದು ಸಲ ಕೂದಲಿಗೆ ಚಿಮುಕಿಸುತ್ತಾರೆ. ದೀಕ್ಷೆ ಪಡೆದವರು ಕೇಶ, ಕಂಘಾ ಎಂಬ ಬಾಚಣಿಗೆ, ಕಡಾ ಎಂಬ ಕಬ್ಬಿಣದ ಬಳೆ, ಕಛೇರಾ ಎಂಬ ಚಡ್ಡಿ, ಕಿರ್ಪಾಣ ಈ ಐದನ್ನೂ ಬಿಡುವಂತಿಲ್ಲ. ಪಟ್ಟಿಯಲ್ಲಿ ಪೇಟ ಇಲ್ಲ, ಗಮನಿಸಿ. ಅದು ಕೇಶದ ಗೌರವಕ್ಕಾಗಿ ಕಟ್ಟುವುದು. ಕೂದಲು ಕತ್ತರಿಸುವುದು, ‘ಕುಠಾ’ (ಹಲಾಲ್ ರೀತಿಯಲ್ಲಿ ಕೊಯ್ದ) ಮಾಂಸ, ಪರಸಂಗ, ತಂಬಾಕು ಈ ನಾಲ್ಕು ದೊಡ್ಡ ತಪ್ಪುಗಳು. ಕಿರ್ಪಾಣ ಧರಿಸುವುದನ್ನು ನಮ್ಮ ಸಂವಿಧಾನದ 25ನೆಯ ವಿಧಿಯ ವಿವರಣೆಯೇ ಸಿಖ್ ಧರ್ಮಾಚರಣೆಯ ಭಾಗವೆಂದು ಹೇಳಿದೆ. ಎಲ್ಲ ಸಿಖ್ಖರೂ ದೀಕ್ಷೆ ಪಡೆದಿರುವುದಿಲ್ಲ. ದೀಕ್ಷೆ ಇಲ್ಲದೆ ಕೇಶ ಬೆಳೆಸಿದವರು, ಕೇಶವನ್ನೂ ಬೆಳೆಸದೆ ವಾಣಿಯನ್ನು ನಂಬಿದವರು ಇಬ್ಬರೂ ಸಂಗತ್‌ನಲ್ಲಿ, ಅಂದರೆ ಸಭೆಯಲ್ಲಿ, ಕೂರುತ್ತಾರೆ.

ಹೆಣ್ಣಿಗೂ ದೀಕ್ಷೆ ಉಂಟು. ಗ್ರಂಥ ಓದಲು, ಕೀರ್ತನೆ ಹಾಡಲು, ಅಮೃತ ಕೊಡುವ ಐವರಲ್ಲಿ ಒಬ್ಬಳಾಗಲು ಮರ್ಯಾದಾದಲ್ಲಿ ತಡೆಯಿಲ್ಲ. ಆದರೆ ಅಮೃತಸರದ ಹರಿಮಂದಿರದೊಳಗೆ ಹೆಂಗಸರ ಕೀರ್ತನೆಗೆ ಅವಕಾಶ ಸಿಕ್ಕಿಲ್ಲ. 2019ರಲ್ಲಿ ಪಂಜಾಬ್ ವಿಧಾನಸಭೆಯೇ ಅದಕ್ಕಾಗಿ ನಿರ್ಣಯ ಮಾಡಿ ಕೇಳಿಕೊಂಡಿತು. ಗುರುಗಳ ಮಾತಿನಲ್ಲಿ ಇಲ್ಲದ ಬೇಲಿ ರೂಢಿಯಲ್ಲಿ ಉಳಿದುಬಿಟ್ಟಿರುವುದು ಬೇಸರದ ಸಂಗತಿ.

ಮದುವೆಗೆ ಹೋಗುವ ಸಂದರ್ಭ ಬಂದರೆ, ಅದರ ಹೆಸರು ಆನಂದ್ ಕಾರಜ್. ಅಗ್ನಿ ಇರುವುದಿಲ್ಲ. ನಾಲ್ಕನೆಯ ಗುರು ರಾಮದಾಸರ ನಾಲ್ಕು ‘ಲಾವಾಂ’ ಪದಗಳನ್ನು (ಪುಟ 773–774) ಒಂದೊಂದಾಗಿ ಓದಿ, ಹಾಡುತ್ತಿರುವಾಗ ವಧೂವರರು ಗ್ರಂಥದ ಸುತ್ತ ನಾಲ್ಕು ಸುತ್ತು ಬರುತ್ತಾರೆ. ಮುಹೂರ್ತ, ಜಾತಕ ನೋಡುವುದಕ್ಕೆ ಮರ್ಯಾದಾದಲ್ಲಿ ಜಾಗವಿಲ್ಲ.

ಮನೆಯಲ್ಲೇ ಗ್ರಂಥ ಇಟ್ಟುಕೊಳ್ಳಬಹುದೆ ಎಂದು ಕೆಲವರು ಆಸೆಪಡುತ್ತಾರೆ. ಪೂರ್ಣ ಗ್ರಂಥಕ್ಕೆ ಬೇರೆ ಕೋಣೆ ಬೇಕು, ನಿತ್ಯ ತೆರೆದು ಮುಚ್ಚುವ ಶಿಸ್ತು ಬೇಕು. ಸಿಖ್ ಮನೆಗಳಲ್ಲೇ ಹೆಚ್ಚಿನವರು ‘ಗುಟ್ಕಾ’ ಎಂಬ ಚಿಕ್ಕ ನಿತ್ಯಪಾಠದ ಪುಸ್ತಕ ಇಟ್ಟುಕೊಳ್ಳುತ್ತಾರೆ. ನಮ್ಮಲ್ಲಿ ಆ ಮಾತಿಗೆ ಬೇರೆ ಅರ್ಥ ಬಂದುಬಿಟ್ಟಿದೆ, ಅವರಲ್ಲಿ ಅದು ಬೆಳಗಿನ ಜಪುಜಿ, ಸಂಜೆಯ ರಹರಾಸ್, ರಾತ್ರಿಯ ಸೋಹಿಲಾ ಇರುವ ಪವಿತ್ರ ಪುಸ್ತಕ. ನಿಮಗೆ ಆಸಕ್ತಿಯಿದ್ದರೆ ಜಪುಜಿಯಿಂದ ಶುರುಮಾಡಿ. ಮೂಲಮಂತ್ರ, ಆರಂಭದ ಶ್ಲೋಕ, 38 ಚರಣ, ಕೊನೆಯ ಶ್ಲೋಕ ಎಲ್ಲ ಸೇರಿ ಎಂಟು ಪುಟವೂ ಇಲ್ಲ. ಬೀದರಿಗೆ ಹೊರಡುವ ಮುನ್ನ ಅದರ ಅರ್ಥವನ್ನು ಒಮ್ಮೆ ಓದಿಕೊಂಡು ಹೋದರೆ, ಅಲ್ಲಿ ನಸುಕಿನಲ್ಲಿ ಕೇಳುವ ಪಾಠ ನಿಮಗೆ ಬರೀ ದನಿಯಾಗಿ ಉಳಿಯುವುದಿಲ್ಲ.